ಜಾರ್ಜ್ ಬರ್ಕ್ಲಿ: ಬದುಕು, ವಿಚಾರ, ಪರೀಕ್ಷೆಗೆ ಮುಖ್ಯಾಂಶಗಳು

ಬರ್ಕ್ಲಿಯ ಮೇಲೆ ಬರೆಯುವ ಉತ್ತರಗಳು ಹೆಚ್ಚಾಗಿ ಕೆಡುವುದು ಮೊದಲ ಸಾಲಿನಲ್ಲೇ. "ಹೊರಗಿನ ಜಗತ್ತು ಇಲ್ಲ, ಎಲ್ಲವೂ ಮನಸ್ಸಿನ ಭ್ರಮೆ" ಎಂದು ಅವನು ಹೇಳಿದನೆಂದು ಶುರುಮಾಡಿದರೆ ಮುಂದೆ ಎಷ್ಟು ಚೆನ್ನಾಗಿ ಬರೆದರೂ ಅದು ಬರ್ಕ್ಲಿಯ ವಿಚಾರವಾಗುವುದಿಲ್ಲ. ಮರ, ಕಲ್ಲು, ಬೆಟ್ಟ, ನದಿ ಎಲ್ಲವೂ ಇವೆ ಎಂಬುದರಲ್ಲಿ ಅವನಿಗೆ ಎಳ್ಳಷ್ಟೂ ಅನುಮಾನವಿರಲಿಲ್ಲ. ಅವನು ಅಲ್ಲಗಳೆದದ್ದು ತತ್ತ್ವಜ್ಞಾನಿಗಳು ಕಟ್ಟಿಕೊಂಡ ಒಂದು ಸಂಗತಿಯನ್ನು ಮಾತ್ರ: ಯಾರ ಅನುಭವಕ್ಕೂ ಸಿಗದೆ, ಬಣ್ಣ, ರುಚಿ, ಆಕಾರಗಳ ಹಿಂದೆ ಅಡಗಿ, ಅವಕ್ಕೆಲ್ಲ ಆಧಾರವಾಗಿ ನಿಂತಿದೆ ಎನ್ನಲಾದ ಜಡದ್ರವ್ಯವನ್ನು. ಅನುಭವದ ಬೆಂಬಲವಿಲ್ಲದ ಪದವನ್ನು ನಂಬಕೂಡದು ಎಂಬ ಹಟವೊಂದು ಅವನಲ್ಲಿತ್ತು. ಕಣ್ಣಿನ ನೋಟ, ಜಡದ್ರವ್ಯ, ನ್ಯೂಟನ್ನನ ಆಕಾಶ, ಕಲನಶಾಸ್ತ್ರ, ಹಣ, ಹೀಗೆ ಅವನು ಕೈಹಾಕಿದ ಎಲ್ಲ ಕಡೆಯೂ ಆ ಹಟ ಕಾಣುತ್ತದೆ. ಅದನ್ನು ಹಿಡಿದುಕೊಂಡು ಓದಿದರೆ ಕೃತಿಗಳೂ ಇಸವಿಗಳೂ ಸುಲಭವಾಗಿ ನೆನಪಿನಲ್ಲಿ ಉಳಿಯುತ್ತವೆ.

ಚುಟುಕಾಗಿ

• ಜನನ: 1685 ಮಾರ್ಚ್ 12, ಐರ್ಲೆಂಡಿನ ಕಿಲ್ಕೆನಿ ಪ್ರಾಂತ. ಮರಣ: 1753 ಜನವರಿ 14, ಆಕ್ಸ್‌ಫರ್ಡ್.
• ಪಂಥ: ಬ್ರಿಟಿಷ್ ಅನುಭವವಾದ. ಲಾಕ್ (1632–1704), ಬರ್ಕ್ಲಿ, ಹ್ಯೂಮ್ (1711–1776) ಎಂಬುದು ರೂಢಿಯ ಕ್ರಮ.
• ಸಿದ್ಧಾಂತ: ಅಜಡವಾದ. ಇತಿಹಾಸಕಾರರು ಇದನ್ನು ವ್ಯಕ್ತಿನಿಷ್ಠ ಭಾವನಾವಾದ ಎಂದೂ ಕರೆಯುತ್ತಾರೆ.
• ಸೂತ್ರ: ಲ್ಯಾಟಿನ್ನಿನಲ್ಲಿ 'ಎಸ್ಸೆ ಎಸ್ಟ್ ಪರ್ಸಿಪಿ'. ವಸ್ತುವಿನ ಇರವು ಎಂದರೆ ಅದು ಗ್ರಹಿಸಲ್ಪಡುವುದು.
• ವೃತ್ತಿ: ಆಂಗ್ಲಿಕನ್ ಪಾದ್ರಿ, 1734ರಿಂದ ಕ್ಲಾಯ್ನ್‌ನ ಬಿಷಪ್.

ಯುಪಿಎಸ್‌ಸಿ ತತ್ತ್ವಶಾಸ್ತ್ರ ಐಚ್ಛಿಕದ ಮೊದಲ ಪತ್ರಿಕೆಯಲ್ಲಿ ಲಾಕ್, ಬರ್ಕ್ಲಿ, ಹ್ಯೂಮ್ ಮೂವರೂ ಅನುಭವವಾದದ ಅಡಿಯಲ್ಲಿ ಒಟ್ಟಿಗೆ ಬರುತ್ತಾರೆ. ಜ್ಞಾನಸಿದ್ಧಾಂತ, ದ್ರವ್ಯ ಮತ್ತು ಗುಣ, ಆತ್ಮ ಮತ್ತು ದೇವರು, ಸಂದೇಹವಾದ ಇವು ಅಲ್ಲಿನ ಉಪವಿಷಯಗಳು. ಆದ್ದರಿಂದ ಬರ್ಕ್ಲಿಯನ್ನು ಒಬ್ಬನನ್ನೇ ಓದಿ ಮುಗಿಸಬೇಡಿ. ಲಾಕ್‌ನಿಂದ ಏನು ತೆಗೆದುಕೊಂಡ, ಹ್ಯೂಮ್‌ಗೆ ಏನು ಬಿಟ್ಟುಹೋದ ಎಂಬುದು ಉತ್ತರದಲ್ಲಿ ಕಾಣಿಸಬೇಕು.

ಬದುಕು

ಕಿಲ್ಕೆನಿ ಕಾಲೇಜಿನಲ್ಲಿ ಶಾಲಾ ಓದು. ಬರಹಗಾರ ಜೊನಾಥನ್ ಸ್ವಿಫ್ಟ್ ಕೂಡ ಅವನಿಗಿಂತ ಮೊದಲು ಅಲ್ಲೇ ಓದಿದ್ದ. 1700ರಲ್ಲಿ ಡಬ್ಲಿನ್ನಿನ ಟ್ರಿನಿಟಿ ಕಾಲೇಜು ಸೇರಿದ, 1704ರಲ್ಲಿ ಪದವಿ, 1707ರಲ್ಲಿ ಅಲ್ಲಿಯೇ ಫೆಲೋ. 1707–08ರಲ್ಲಿ ಬರೆದ ಟಿಪ್ಪಣಿ ಪುಸ್ತಕಗಳಲ್ಲಿ ಅವನ ಸಿದ್ಧಾಂತ ಮೊಳೆಯುವುದನ್ನು ದಿನದಿನವೂ ನೋಡಬಹುದು. ಅವು ಅಚ್ಚಾದದ್ದು 1871ರಲ್ಲಿ, ಅವನು ತೀರಿಕೊಂಡು ಶತಮಾನ ದಾಟಿದ ಮೇಲೆ.

ಮೂರು ಮುಖ್ಯ ಕೃತಿಗಳು ಐದೇ ವರ್ಷಗಳೊಳಗೆ ಬಂದವು. 1709ರಲ್ಲಿ 'ನೋಟದ ಹೊಸ ಸಿದ್ಧಾಂತದತ್ತ ಒಂದು ಪ್ರಬಂಧ', 1710ರಲ್ಲಿ 'ಮಾನವ ಜ್ಞಾನದ ತತ್ತ್ವಗಳು', 1713ರಲ್ಲಿ 'ಹೈಲಾಸ್ ಮತ್ತು ಫಿಲೋನಸ್ ನಡುವಿನ ಮೂರು ಸಂವಾದಗಳು'. 'ತತ್ತ್ವಗಳು' ಅಚ್ಚಾದಾಗ ಅವನಿಗಿನ್ನೂ 25 ವರ್ಷ. ಅದು ಮೊದಲ ಭಾಗ ಮಾತ್ರ. ಎರಡನೆಯ ಭಾಗದ ಹಸ್ತಪ್ರತಿ ಇಟಲಿಯ ಪ್ರವಾಸದಲ್ಲಿ ಕಳೆದುಹೋಯಿತು, ಮತ್ತೆ ಅದನ್ನು ಅವನು ಬರೆಯಲಿಲ್ಲ. ಆತ್ಮದ ಬಗ್ಗೆ ಅವನ ಮಾತು ಅರೆಬರೆ ಎನಿಸಲು ಇದೂ ಒಂದು ಕಾರಣ.

'ತತ್ತ್ವಗಳು' ಹೊರಬಂದಾಗ ಲಂಡನ್ ನಕ್ಕಿತು. ಗೆಳೆಯ ಜಾನ್ ಪರ್ಸಿವಲ್ ಬರೆದು ತಿಳಿಸಿದ ಪ್ರಕಾರ, ಪರಿಚಯದ ವೈದ್ಯನೊಬ್ಬ ಪುಸ್ತಕ ಓದದೆಯೇ ಲೇಖಕನಿಗೆ ಹುಚ್ಚು ಹಿಡಿದಿರಬೇಕು, ಔಷಧ ಕೊಡಿಸಬೇಕು ಎಂದನಂತೆ. ಪರ್ಸಿವಲ್‌ನ ಹೆಂಡತಿ ಮಾತ್ರ ನಿಜವಾದ ಪ್ರಶ್ನೆ ಕೇಳಿದಳು: ಮನುಷ್ಯರು ಹುಟ್ಟುವ ಮೊದಲಿನ ಸೃಷ್ಟಿಯ ಗತಿ ಏನು? ಎಲ್ಲವೂ ದೇವರ ಅರಿವಿನಲ್ಲಿ ಇದ್ದೇ ಇತ್ತು, ಸೃಷ್ಟಿ ಎಂದರೆ ಅವು ಇತರ ಚೇತನಗಳಿಗೂ ಗ್ರಾಹ್ಯವಾದದ್ದು ಎಂದು ಬರ್ಕ್ಲಿ ಉತ್ತರಿಸಿದ. ಅವನ ವಿಮರ್ಶಕರಲ್ಲಿ ಈ ಓದುಗಾರ್ತಿಗೆ ಸಲ್ಲಬೇಕಾದ ಜಾಗ ಸಂದಿಲ್ಲ ಎಂದೇ ನನಗೆ ಅನಿಸುತ್ತದೆ. ಸಿದ್ಧಾಂತ ಎಲ್ಲಿ ದೇವರ ಮೇಲೆ ಭಾರ ಹಾಕುತ್ತದೆ ಎಂಬುದನ್ನು ಅವಳು ಪುಸ್ತಕ ಬಂದ ವರ್ಷವೇ ಹಿಡಿದಿದ್ದಳು.

1713ರಲ್ಲಿ ಲಂಡನ್ನಿಗೆ ಬಂದ. ಸ್ವಿಫ್ಟ್, ಪೋಪ್, ಅಡಿಸನ್, ಸ್ಟೀಲ್ ಬಳಗದ ಒಡನಾಟ ದೊರೆಯಿತು. ಆಮೇಲೆ ಯುರೋಪಿನ ಎರಡು ಪ್ರವಾಸ. 1717ರಲ್ಲಿ ವೆಸೂವಿಯಸ್ ಅಗ್ನಿಪರ್ವತ ಉಗುಳುವುದನ್ನು ಕಣ್ಣಾರೆ ಕಂಡು ಬರೆದ ವರದಿ ರಾಯಲ್ ಸೊಸೈಟಿಯ ಪತ್ರಿಕೆಯಲ್ಲಿ ಬಂತು. 1724ರಲ್ಲಿ ಡೆರಿಯ ಡೀನ್ ಆದ.

ಬರ್ಮುಡಾ ಯೋಜನೆ ಅವನ ಬದುಕಿನ ದೊಡ್ಡ ಕನಸು, ದೊಡ್ಡ ಸೋಲು. ವಸಾಹತುಗಾರರ ಮಕ್ಕಳಿಗೂ ಅಮೆರಿಕದ ಮೂಲನಿವಾಸಿಗಳ ಮಕ್ಕಳಿಗೂ ಬರ್ಮುಡಾ ದ್ವೀಪದಲ್ಲಿ ಕಾಲೇಜು ಕಟ್ಟುವುದು ಅದರ ಉದ್ದೇಶ. ಬ್ರಿಟಿಷ್ ಸಂಸತ್ತು 20,000 ಪೌಂಡ್ ಕೊಡುವ ಭರವಸೆಯಿತ್ತಿತು. 1728ರಲ್ಲಿ ಆನ್ ಫಾರ್‌ಸ್ಟರ್‌ಳನ್ನು ಮದುವೆಯಾಗಿ ಹಡಗು ಹತ್ತಿದ, 1729ರ ಜನವರಿಯಲ್ಲಿ ರೋಡ್ ಐಲೆಂಡಿನ ನ್ಯೂಪೋರ್ಟ್ ತಲುಪಿದ. ಜಮೀನು ಕೊಂಡು ಅಲ್ಲಿ 'ವೈಟ್‌ಹಾಲ್' ಎಂಬ ಮನೆ ಕಟ್ಟಿಸಿದ. ಹಣಕ್ಕಾಗಿ ಕಾದ. ಪ್ರಧಾನಿ ವಾಲ್‌ಪೋಲ್ ಹಣ ಬಿಡುಗಡೆ ಮಾಡಲಿಲ್ಲ. 1731ರಲ್ಲಿ ಬರ್ಕ್ಲಿ ಹಿಂದಿರುಗಿದ. ಬರ್ಮುಡಾದ ನೆಲವನ್ನು ಅವನು ಮೆಟ್ಟಲೇ ಇಲ್ಲ. ವೈಟ್‌ಹಾಲ್ ಜಮೀನನ್ನೂ ದೊಡ್ಡ ಪುಸ್ತಕ ಸಂಗ್ರಹವನ್ನೂ ಯೇಲ್ ಕಾಲೇಜಿಗೆ ಕೊಟ್ಟ, ಹಾರ್ವರ್ಡ್‌ಗೂ ಪುಸ್ತಕ ಕಳಿಸಿದ.

ಈ ಅಧ್ಯಾಯದ ಇನ್ನೊಂದು ಮುಖವನ್ನು ಹಳೆಯ ಪಠ್ಯಗಳು ಬಿಟ್ಟುಬಿಡುತ್ತವೆ. ರೋಡ್ ಐಲೆಂಡಿನಲ್ಲಿ ಬರ್ಕ್ಲಿ ಗುಲಾಮರನ್ನು ಕೊಂಡು ಇಟ್ಟುಕೊಂಡಿದ್ದ. ಖರೀದಿಯ ದಾಖಲೆಗಳು ಉಳಿದಿವೆ. ಗುಲಾಮರಿಗೆ ದೀಕ್ಷಾಸ್ನಾನ ಕೊಡಬೇಕೆಂದು ಅವನು ವಾದಿಸಿದ್ದು ನಿಜ, ಆದರೆ ದೀಕ್ಷೆಯಾದರೆ ಬಿಡುಗಡೆಯಾಗಬೇಕಿಲ್ಲ ಎಂಬುದೂ ಅದೇ ವಾದದ ಭಾಗ. ಮೂಲನಿವಾಸಿಗಳ ಮಕ್ಕಳನ್ನು ಸಮಾಧಾನದಿಂದ ಪಡೆಯಲಾಗದಿದ್ದರೆ ಶತ್ರು ಬುಡಕಟ್ಟುಗಳಿಂದ ಸೆರೆಹಿಡಿದು ತರಬಹುದು ಎಂಬ ಸಲಹೆ ಬರ್ಮುಡಾ ಪ್ರಸ್ತಾವದಲ್ಲೇ ಇದೆ. ಎಲ್ಲ ಚೇತನಗಳೂ ದೇವರ ಮುಂದೆ ನೇರವಾಗಿ ನಿಂತಿವೆ ಎಂದು ಬರೆದವನ ಬದುಕಿನಲ್ಲಿ ಇದು ಗಂಭೀರವಾದ ಕಳಂಕ. ಇದನ್ನು ಕಾಲಧರ್ಮ ಎಂದು ಹಗುರ ಮಾಡಲು ನನಗೆ ಮನಸ್ಸಿಲ್ಲ. ಈ ಕಾರಣಕ್ಕಾಗಿಯೇ 2023ರಲ್ಲಿ ಟ್ರಿನಿಟಿ ಕಾಲೇಜು ತನ್ನ ಗ್ರಂಥಾಲಯದಿಂದ ಬರ್ಕ್ಲಿಯ ಹೆಸರನ್ನು ತೆಗೆಯಲು ತೀರ್ಮಾನಿಸಿತು.

1734ರಲ್ಲಿ ಕಾರ್ಕ್ ಸೀಮೆಯ ಕ್ಲಾಯ್ನ್‌ನಲ್ಲಿ ಬಿಷಪ್ ಆಗಿ ಸುಮಾರು ಹದಿನೆಂಟು ವರ್ಷ ಅಲ್ಲೇ ಇದ್ದ. 1752ರಲ್ಲಿ ಮಗನ ಓದಿಗೆಂದು ಆಕ್ಸ್‌ಫರ್ಡ್‌ಗೆ ಹೋದವನು ಮರುವರ್ಷ ಅಲ್ಲೇ ತೀರಿಕೊಂಡ. ಸಮಾಧಿ ಕ್ರೈಸ್ಟ್ ಚರ್ಚ್‌ನಲ್ಲಿದೆ.

ನೋಟದ ಸಿದ್ಧಾಂತ (1709)

ಇದನ್ನು ಬಿಟ್ಟು ನೇರವಾಗಿ 'ತತ್ತ್ವಗಳು' ಪುಸ್ತಕಕ್ಕೆ ಹಾರುವ ಅಭ್ಯರ್ಥಿಗಳೇ ಹೆಚ್ಚು. ಹಾಗೆ ಮಾಡಬೇಡಿ, ಮುಂದಿನ ವಾದದ ಬೀಜ ಇಲ್ಲಿದೆ.

ಪ್ರಶ್ನೆ: ದೂರ ಕಣ್ಣಿಗೆ ಕಾಣುತ್ತದೆಯೇ? ಇಲ್ಲ ಎನ್ನುತ್ತಾನೆ ಬರ್ಕ್ಲಿ. ದೂರವೆಂದರೆ ಕಣ್ಣಿಗೆ ನೇರವಾಗಿ ತುದಿಮಾಡಿ ನಿಂತ ಗೆರೆ. ಗೆರೆ ಉದ್ದವಿರಲಿ ಗಿಡ್ಡವಿರಲಿ, ಕಣ್ಣಿನ ಒಳಪರದೆಯ ಮೇಲೆ ಬೀಳುವುದು ಒಂದೇ ಬಿಂದು. ಹಾಗಾದರೆ ದೂರವನ್ನು ಹೇಗೆ ಅಂದಾಜಿಸುತ್ತೇವೆ? ಕಣ್ಣುಗಳು ಒಳಕ್ಕೆ ತಿರುಗಿದಾಗಿನ ಅನುಭವ, ನೋಟದ ಮಸುಕು, ಕಣ್ಣಿಗೆ ಬೀಳುವ ಆಯಾಸ ಇವೆಲ್ಲ ಗುರುತುಗಳು. ಈ ಗುರುತು ಕಂಡಾಗ ಇಷ್ಟು ಹೆಜ್ಜೆ ನಡೆದರೆ ಮುಟ್ಟಬಹುದು ಎಂಬುದನ್ನು ರೂಢಿಯಿಂದ ಕಲಿತಿದ್ದೇವೆ. ಕೋನಗಳನ್ನು ಲೆಕ್ಕಹಾಕಿ ದೂರ ತಿಳಿಯುತ್ತೇವೆ ಎಂಬ ಡೆಕಾರ್ಟೆಯ ಮಾತನ್ನು ಅವನು ಒಪ್ಪಲಿಲ್ಲ. ನೋಡುವವನಿಗೆ ತಾನು ಲೆಕ್ಕ ಹಾಕಿದ ಅರಿವೇ ಇಲ್ಲದಿರುವಾಗ ಆ ಲೆಕ್ಕ ಎಲ್ಲಿಂದ ಬಂತು?

ಕಣ್ಣಿಗೆ ಕಾಣುವುದೂ ಕೈಗೆ ಮುಟ್ಟುವುದೂ ಬೇರೆ ಬೇರೆ ಜಾತಿಯ ಅನುಭವಗಳು, ಎರಡಕ್ಕೂ ಸಂಬಂಧ ಬೆಸೆದದ್ದು ಅಭ್ಯಾಸ ಎಂಬುದು ಇಲ್ಲಿಯ ತೀರ್ಮಾನ. ಕ್ಷಿತಿಜದ ಹತ್ತಿರ ಚಂದ್ರ ದೊಡ್ಡದಾಗಿ ಕಾಣುವುದನ್ನೂ ಅವನು ಹೀಗೆಯೇ ವಿವರಿಸಿದ: ಅಲ್ಲಿ ಚಂದ್ರ ಮಂಕಾಗಿರುತ್ತದೆ, ಮಂಕಾದುದನ್ನು ದೂರದ ದೊಡ್ಡ ವಸ್ತುವೆಂದು ಎಣಿಸುವುದು ನಮ್ಮ ರೂಢಿ.

ಮೊಲಿನೊ ಪ್ರಶ್ನೆ (ಕಿರು ಟಿಪ್ಪಣಿಗೆ): ಹುಟ್ಟುಕುರುಡನೊಬ್ಬ ಮುಟ್ಟಿ ಗೋಲವನ್ನೂ ಘನವನ್ನೂ ಬಲ್ಲ. ಅವನಿಗೆ ಇದ್ದಕ್ಕಿದ್ದಂತೆ ದೃಷ್ಟಿ ಬಂದರೆ, ಮುಟ್ಟದೆ, ಬರೀ ನೋಡಿ ಯಾವುದು ಯಾವುದೆಂದು ಹೇಳಬಲ್ಲನೇ? ಡಬ್ಲಿನ್ನಿನ ವಿಲಿಯಂ ಮೊಲಿನೊ ಇದನ್ನು ಲಾಕ್‌ಗೆ ಕೇಳಿದ್ದ. ಮೊಲಿನೊ, ಲಾಕ್, ಬರ್ಕ್ಲಿ ಮೂವರ ಉತ್ತರವೂ "ಆಗದು". 1728ರಲ್ಲಿ ಶಸ್ತ್ರವೈದ್ಯ ಚೆಸೆಲ್ಡನ್ ಕಣ್ಣಿನ ಪೊರೆ ತೆಗೆದ ಹುಡುಗನೊಬ್ಬನ ವರದಿ ಪ್ರಕಟಿಸಿದ. ಹೊಸದಾಗಿ ಕಂಡ ಆಕಾರಗಳನ್ನು ಆ ಹುಡುಗ ಗುರುತಿಸಲಾರದೆ ಹೋದ. 1733ರಲ್ಲಿ ಬರ್ಕ್ಲಿ ಇದನ್ನು ತನ್ನ ಪರವಾದ ಸಾಕ್ಷ್ಯವಾಗಿ ಬಳಸಿಕೊಂಡ.

ಎಚ್ಚರ: 1709ರ ಕೃತಿಯಲ್ಲಿ ಸ್ಪರ್ಶಕ್ಕೆ ಸಿಗುವ ವಸ್ತುಗಳು ಮನಸ್ಸಿನ ಹೊರಗಿವೆ ಎಂಬ ಜನಸಾಮಾನ್ಯ ನಂಬಿಕೆಯನ್ನು ಅವನು ಮುಟ್ಟಲಿಲ್ಲ. ಅದನ್ನು ಬಿಟ್ಟುಕೊಟ್ಟದ್ದು ಮರುವರ್ಷದ 'ತತ್ತ್ವಗಳು' ಕೃತಿಯಲ್ಲಿ.

ಲಾಕ್ ಬಿಟ್ಟುಹೋದ ಬಿರುಕು

ಲಾಕ್‌ನ ಪ್ರಕಾರ ನಮಗೆ ನೇರವಾಗಿ ತಿಳಿಯುವುದು ಮನಸ್ಸಿನಲ್ಲಿ ಮೂಡುವ ಪ್ರತ್ಯಯಗಳು (ಐಡಿಯಾಗಳು) ಮಾತ್ರ. ಅವು ಹೊರಗಿನ ವಸ್ತುಗಳನ್ನು ಪ್ರತಿನಿಧಿಸುತ್ತವೆ. ಗಾತ್ರ, ಆಕಾರ, ಚಲನೆ, ಸಂಖ್ಯೆ, ಘನತ್ವ ಇವು ಪ್ರಾಥಮಿಕ ಗುಣಗಳು, ವಸ್ತುವಿನಲ್ಲೇ ಇವೆ. ಬಣ್ಣ, ರುಚಿ, ವಾಸನೆ, ಶಬ್ದ ಗೌಣ ಗುಣಗಳು. ನಾವು ಅನುಭವಿಸುವ ರೂಪದಲ್ಲಿ ಅವು ವಸ್ತುವಿನಲ್ಲಿಲ್ಲ, ಅವನ್ನು ನಮ್ಮಲ್ಲಿ ಹುಟ್ಟಿಸುವ ಶಕ್ತಿ ಮಾತ್ರ ಅಲ್ಲಿದೆ. ಇವೆಲ್ಲಕ್ಕೂ ಆಧಾರವಾದ ದ್ರವ್ಯವೊಂದಿದೆ, ಅದೇನೆಂದು ತನಗೆ ತಿಳಿಯದು ಎಂದು ಲಾಕ್ ಪ್ರಾಮಾಣಿಕವಾಗಿ ಒಪ್ಪಿಕೊಂಡ.

ಬರ್ಕ್ಲಿ ಹಿಡಿದದ್ದು ಇದೇ ಬಿರುಕನ್ನು. ನಮಗೆ ತಿಳಿಯುವುದು ಪ್ರತ್ಯಯ ಮಾತ್ರ, ವಸ್ತು ಅದರ ಆಚೆ ಇದೆ ಎಂದರೆ ಪ್ರತ್ಯಯ ವಸ್ತುವಿಗೆ ಹೊಂದುತ್ತದೆಂದು ಪರೀಕ್ಷಿಸಲು ದಾರಿಯೇ ಇಲ್ಲ. ಸಂದೇಹವಾದಕ್ಕೆ ಬಾಗಿಲು ತೆರೆದದ್ದು ಜಡದ್ರವ್ಯದ ನಂಬಿಕೆಯೇ. ಅದನ್ನು ಕಿತ್ತುಹಾಕಿದರೆ ನಾವು ನೋಡುವ ಮರವೇ ನಿಜವಾದ ಮರವಾಗುತ್ತದೆ. ಹೀಗಾಗಿ ಬರ್ಕ್ಲಿ ತನ್ನನ್ನು ಜನಸಾಮಾನ್ಯರ ಪಕ್ಷದವನೆಂದು ತಿಳಿದಿದ್ದ. ಅವನ ಗುರಿ ಎರಡು: ಸಂದೇಹವಾದ ಮತ್ತು ನಿರೀಶ್ವರವಾದ. ಪರೀಕ್ಷೆಯಲ್ಲಿ ಈ ಎರಡನ್ನೂ ಹೆಸರಿಸಿ.

ಜಡದ್ರವ್ಯದ ವಿರುದ್ಧ ವಾದಗಳು

ಹದಿನೈದು ಅಂಕದ ಪ್ರಶ್ನೆ ಬರುವುದು ಇಲ್ಲಿಂದಲೇ, ಆದ್ದರಿಂದ ನಿಧಾನವಾಗಿ ಓದಿ.

ಮೊದಲನೆಯದು ಸಾಪೇಕ್ಷತೆಯ ವಾದ. ಒಂದು ಕೈ ಬಿಸಿಯಾಗಿ ಇನ್ನೊಂದು ತಣ್ಣಗಿದ್ದಾಗ ಎರಡನ್ನೂ ಒಂದೇ ನೀರಿನಲ್ಲಿ ಅದ್ದಿದರೆ ನೀರು ಒಂದಕ್ಕೆ ತಣ್ಣಗೆ, ಇನ್ನೊಂದಕ್ಕೆ ಬಿಸಿ. ಆದ್ದರಿಂದ ಬಿಸಿ ನೀರಿನಲ್ಲಿಲ್ಲ ಎಂದು ಲಾಕ್ ಪಕ್ಷದವರು ಹೇಳುತ್ತಾರೆ. ಸರಿ, ಗಾತ್ರಕ್ಕೂ ಅದನ್ನೇ ಅನ್ವಯಿಸಿ ಎನ್ನುತ್ತಾನೆ ಬರ್ಕ್ಲಿ. ನಮಗೆ ಕಾಣದಷ್ಟು ಚಿಕ್ಕದಾದ ನುಸಿಯ ಕಾಲು ಆ ನುಸಿಗೆ ತಕ್ಕಷ್ಟು ದೊಡ್ಡದು. ಹತ್ತಿರ ಹೋದಂತೆ ಗೋಪುರ ಬೆಳೆಯುತ್ತದೆ. ಬಣ್ಣವನ್ನು ಮನಸ್ಸಿಗೆ ಸೇರಿಸಿದ ಕಾರಣವೇ ಆಕಾರವನ್ನೂ ಅಲ್ಲಿಗೆ ಸೇರಿಸುತ್ತದೆ. ಒಂದು ಮಾತು: 'ತತ್ತ್ವಗಳು' ಕೃತಿಯಲ್ಲಿ ಬರ್ಕ್ಲಿಯೇ ಈ ವಾದದ ಮಿತಿಯನ್ನು ಒಪ್ಪಿಕೊಂಡಿದ್ದಾನೆ. ವಸ್ತುವಿನ ನಿಜವಾದ ಗಾತ್ರ ಯಾವುದೆಂದು ನಮಗೆ ತಿಳಿಯದು ಎಂಬುದನ್ನಷ್ಟೇ ಇದು ತೋರಿಸುತ್ತದೆ, ಗಾತ್ರವೇ ಇಲ್ಲವೆಂದಲ್ಲ. ಇದನ್ನು ಬರೆದರೆ ಉತ್ತರಕ್ಕೆ ತೂಕ ಬರುತ್ತದೆ.

ಎರಡನೆಯದು ಬೇರ್ಪಡಿಸಲಾಗದಿರುವಿಕೆಯ ವಾದ. ಯಾವ ಬಣ್ಣವೂ ಇಲ್ಲದ, ತಣ್ಣಗೂ ಬಿಸಿಗೂ ಅಲ್ಲದ, ಬರೀ ಆಕಾರವೊಂದನ್ನು ಕಲ್ಪಿಸಿಕೊಳ್ಳಿ. ಆಗುವುದಿಲ್ಲ. ಗೌಣ ಗುಣ ಮನಸ್ಸಿನಲ್ಲಿದ್ದರೆ, ಅದರಿಂದ ಬಿಡಿಸಿ ನೋಡಲಾಗದ ಪ್ರಾಥಮಿಕ ಗುಣವೂ ಅಲ್ಲೇ ಇರಬೇಕು.

ಮೂರನೆಯದು ಹೋಲಿಕೆಯ ತತ್ತ್ವ. ನನ್ನ ದೃಷ್ಟಿಯಲ್ಲಿ ಬರ್ಕ್ಲಿಯ ಅತ್ಯಂತ ಬಲವಾದ ವಾದ ಇದೇ. ಪ್ರತ್ಯಯವು ಹೊರಗಿನ ವಸ್ತುವಿನ ಪ್ರತಿಕೃತಿ ಎನ್ನುತ್ತೀರಿ. ಆ ಹೊರಗಿನ ವಸ್ತು ಗ್ರಹಿಕೆಗೆ ಸಿಗುತ್ತದೆಯೇ? ಸಿಕ್ಕರೆ ಅದೂ ಪ್ರತ್ಯಯವೇ, ಬರ್ಕ್ಲಿ ಗೆದ್ದ. ಸಿಗದಿದ್ದರೆ, ಬಣ್ಣವು ಕಾಣದ ಯಾವುದಕ್ಕೋ ಹೋಲುತ್ತದೆ, ಮೆದುವು ಮುಟ್ಟಲಾಗದ ಯಾವುದಕ್ಕೋ ಹೋಲುತ್ತದೆ ಎನ್ನಬೇಕಾಗುತ್ತದೆ. ಅದಕ್ಕೆ ಅರ್ಥವಿಲ್ಲ. ಪ್ರತ್ಯಯಕ್ಕೆ ಹೋಲುವುದು ಇನ್ನೊಂದು ಪ್ರತ್ಯಯ ಮಾತ್ರ.

ನಾಲ್ಕನೆಯದು ಆಧಾರದ ಪರೀಕ್ಷೆ. ದ್ರವ್ಯ ಗುಣಗಳನ್ನು ಹೊರುತ್ತದೆ ಎಂದರೇನು? ಕಂಬ ಮಾಡನ್ನು ಹೊರುವ ಹಾಗಲ್ಲ, ಏಕೆಂದರೆ ಹಾಗೆ ಹೊರಲು ದ್ರವ್ಯಕ್ಕೇ ಆಕಾರ, ಗಾತ್ರ ಬೇಕು. ಬೇರೆ ಯಾವ ಅರ್ಥದಲ್ಲಿ ಎಂದು ಕೇಳಿದರೆ ಉತ್ತರವಿಲ್ಲ. ಪದ ಉಳಿಯಿತು, ಅರ್ಥ ಹೋಯಿತು.

ಐದನೆಯದಕ್ಕೆ 'ಮಾಸ್ಟರ್ ಆರ್ಗ್ಯುಮೆಂಟ್' ಎಂಬ ಹೆಸರು 1974ರಲ್ಲಿ ಆಂದ್ರೆ ಗಾಲ್ವಾ ಬರೆದ ಲೇಖನದಿಂದ ಬಂತು. ಯಾರ ಗ್ರಹಿಕೆಯಲ್ಲೂ ಇಲ್ಲದ ಮರವೊಂದನ್ನು ಯೋಚಿಸಿ ನೋಡಿ ಎಂದು ಬರ್ಕ್ಲಿ ಸವಾಲು ಹಾಕುತ್ತಾನೆ. ಯೋಚಿಸಿದ ಕೂಡಲೇ ಅದು ನಿಮ್ಮ ಮನಸ್ಸಿನಲ್ಲಿದೆ, ಆದ್ದರಿಂದ ಯಾರ ಮನಸ್ಸಿನಲ್ಲೂ ಇಲ್ಲದ ಮರವನ್ನು ನೀವು ಯೋಚಿಸಲೇ ಇಲ್ಲ. ವಿಮರ್ಶೆ: ಯೋಚಿಸುವ ಕ್ರಿಯೆ ಮನಸ್ಸಿನಲ್ಲಿದೆ, ಯೋಚನೆಗೆ ವಿಷಯವಾದ ವಸ್ತುವೂ ಮನಸ್ಸಿನಲ್ಲೇ ಇರಬೇಕಾಗಿಲ್ಲ. ಕ್ರಿಯೆಯನ್ನೂ ವಿಷಯವನ್ನೂ ಬರ್ಕ್ಲಿ ಬೆರೆಸಿದ ಎಂದು ರಸೆಲ್ 1912ರ ತನ್ನ ಪರಿಚಯ ಗ್ರಂಥದಲ್ಲಿ ತೋರಿಸಿದ. ಈ ವಾದವನ್ನೇ ಬರ್ಕ್ಲಿಯ ಪ್ರಧಾನ ವಾದವೆಂದು ಬರೆಯುವುದು ರೂಢಿಯಾಗಿದೆ. ಅವನ ವಾದಗಳಲ್ಲಿ ಇದೇ ಅತ್ಯಂತ ದುರ್ಬಲವಾದುದು. ಹೋಲಿಕೆಯ ತತ್ತ್ವವನ್ನು ಮುಂದಿಟ್ಟು ಇದನ್ನು ಕೊನೆಯಲ್ಲಿ ವಿಮರ್ಶೆಯೊಡನೆ ಬರೆಯಿರಿ.

'ಸಂವಾದಗಳು' ಕೃತಿಯಲ್ಲಿ ಹೈಲಾಸ್ ಜಡದ್ರವ್ಯದ ಪಕ್ಷದವನು, ಫಿಲೋನಸ್ ಬರ್ಕ್ಲಿಯ ಪಕ್ಷದವನು. ಗ್ರೀಕಿನಲ್ಲಿ ಮೊದಲ ಹೆಸರು ಜಡವನ್ನೂ ಎರಡನೆಯದು ಮನಸ್ಸಿನ ಪ್ರೀತಿಯನ್ನೂ ಸೂಚಿಸುತ್ತದೆ. ಯಾರು ಯಾರ ಪಕ್ಷ ಎಂದು ಹೊಂದಿಸಿ ಬರೆಯುವ ಪ್ರಶ್ನೆ ಬಂದರೆ ಇದು ನೆನಪಿರಲಿ.

ಅಮೂರ್ತ ಪ್ರತ್ಯಯಗಳ ಖಂಡನೆ

'ತತ್ತ್ವಗಳು' ಕೃತಿಯ ಪೀಠಿಕೆಯ ವಿಷಯ ಇದು. ಎಲ್ಲ ತ್ರಿಕೋನಗಳಿಗೂ ಹೊಂದುವ, ಆದರೆ ಸಮಬಾಹುವೂ ಅಲ್ಲದ ವಿಷಮಬಾಹುವೂ ಅಲ್ಲದ ಅಮೂರ್ತ ತ್ರಿಕೋನವೊಂದು ಮನಸ್ಸಿನಲ್ಲಿದೆ ಎಂದು ಲಾಕ್ ಹೇಳಿದ್ದ. ಅಂಥದ್ದು ತನಗೆ ಎಂದೂ ಕಾಣಿಸಿಲ್ಲ ಎಂದ ಬರ್ಕ್ಲಿ. ನಾವು ಎದುರಿಗಿಟ್ಟುಕೊಳ್ಳುವುದು ಒಂದು ನಿರ್ದಿಷ್ಟ ತ್ರಿಕೋನವನ್ನೇ. ಅದರ ಬಾಹುಗಳ ಅಳತೆಯನ್ನು ಗಮನಿಸದೆ, ಅದೇ ಬಗೆಯ ಉಳಿದವುಗಳ ಪ್ರತಿನಿಧಿಯಾಗಿ ಬಳಸುತ್ತೇವೆ. ಸಾಮಾನ್ಯತೆ ಇರುವುದು ಬಳಕೆಯಲ್ಲಿ, ಪ್ರತ್ಯಯದಲ್ಲಲ್ಲ. ಜಡದ್ರವ್ಯದ ನಂಬಿಕೆಗೂ ಇದೇ ಮೂಲವೆಂದು ಅವನ ಆರೋಪ: ಇರವನ್ನು ಗ್ರಹಿಕೆಯಿಂದ ಬಿಡಿಸಿ ಅಮೂರ್ತಗೊಳಿಸಿದ್ದರಿಂದಲೇ 'ಗ್ರಹಿಸಲ್ಪಡದ ಇರವು' ಎಂಬ ಮಾತು ಹುಟ್ಟಿತು.

ಆತ್ಮ, ದೇವರು, ಕಾರಣ

ಸೂತ್ರವನ್ನು ಅರ್ಧ ಬರೆಯಬೇಡಿ. ಬರ್ಕ್ಲಿಯ ಜಗತ್ತಿನಲ್ಲಿ ಇರುವುದು ಎರಡು ಬಗೆ. ಪ್ರತ್ಯಯಗಳು: ನಿಷ್ಕ್ರಿಯ, ಅವುಗಳ ಇರವು ಗ್ರಹಿಸಲ್ಪಡುವುದರಲ್ಲಿ. ಚೇತನಗಳು: ಸಕ್ರಿಯ, ಅವುಗಳ ಇರವು ಗ್ರಹಿಸುವುದರಲ್ಲಿ, ಸಂಕಲ್ಪಿಸುವುದರಲ್ಲಿ.

ದೇವರ ಅಸ್ತಿತ್ವಕ್ಕೆ ಅವನು ಕೊಡುವ ವಾದ ಹೀಗಿದೆ. ಕಣ್ಣು ತೆರೆದರೆ ಏನು ಕಾಣಬೇಕೆಂಬುದು ನನ್ನ ಇಚ್ಛೆಯಲ್ಲಿಲ್ಲ. ಇಂದ್ರಿಯ ಪ್ರತ್ಯಯಗಳಿಗೆ ಕಾರಣ ನಾನಲ್ಲ. ಪ್ರತ್ಯಯಗಳು ನಿಷ್ಕ್ರಿಯ, ಅವೂ ಕಾರಣವಲ್ಲ. ಜಡದ್ರವ್ಯ ಇಲ್ಲ. ಉಳಿದದ್ದು ಇನ್ನೊಂದು ಚೇತನ. ಜಗತ್ತಿನ ವಿಸ್ತಾರ, ಕ್ರಮ, ನಿಯಮಬದ್ಧತೆ ನೋಡಿದರೆ ಅದು ಅಪಾರ ಶಕ್ತಿ, ಜ್ಞಾನಗಳ ಚೇತನವಾಗಿರಬೇಕು. ಇದು ನಿಷ್ಕ್ರಿಯತೆಯ ವಾದ. ಇನ್ನೊಂದು ನಿರಂತರತೆಯ ವಾದ: ನಾನು ನೋಡದಿರುವಾಗಲೂ ವಸ್ತುಗಳು ಇರುತ್ತವೆ, ಆದ್ದರಿಂದ ಅವನ್ನು ಸದಾ ಗ್ರಹಿಸುವ ಮನಸ್ಸೊಂದಿದೆ. ಪಠ್ಯಪುಸ್ತಕಗಳು ಎರಡನೆಯದನ್ನೇ ಮೆರೆಸುತ್ತವೆ, ಆದರೆ 'ತತ್ತ್ವಗಳು' ಕೃತಿ ಆತುಕೊಂಡಿರುವುದು ಮೊದಲನೆಯದನ್ನು.

ಪ್ರಕೃತಿಯ ನಿಯಮಗಳೆಂದರೆ ಈ ಚೇತನ ನಮ್ಮಲ್ಲಿ ಪ್ರತ್ಯಯಗಳನ್ನು ಮೂಡಿಸುವ ಸ್ಥಿರವಾದ ಕ್ರಮ. ಬೆಂಕಿ ನೋವಿಗೆ ಕಾರಣವಲ್ಲ, ಸಮೀಪಿಸಬೇಡ ಎಂದು ಎಚ್ಚರಿಸುವ ಚಿಹ್ನೆ. ನೋಟ ಸ್ಪರ್ಶದ ಚಿಹ್ನೆ ಎಂದು 1709ರಲ್ಲಿ ಹೇಳಿದ್ದು ಇಲ್ಲಿ ಇಡೀ ಪ್ರಕೃತಿಗೆ ಹಬ್ಬಿದೆ: ಪ್ರಕೃತಿ ದೇವರು ನಮ್ಮೊಡನೆ ಆಡುವ ಭಾಷೆ.

ಕನಸಿಗೂ ನಿಜಕ್ಕೂ ಭೇದವೇನು? ಇಂದ್ರಿಯ ಪ್ರತ್ಯಯಗಳು ಹೆಚ್ಚು ಸ್ಫುಟ, ಕ್ರಮಬದ್ಧ, ನನ್ನ ಇಚ್ಛೆಗೆ ಹೊರತು. ಈ ಮೂರು ಲಕ್ಷಣಗಳನ್ನು ಬರೆದರೆ "ಎಲ್ಲವೂ ಭ್ರಮೆ" ಎಂಬ ಅಪಾರ್ಥ ತಾನಾಗಿ ನಿವಾರಣೆಯಾಗುತ್ತದೆ. 'ನಾನೊಬ್ಬನೇ ಇದ್ದೇನೆ' ಎಂಬ ಅಹಂಮಾತ್ರವಾದವೂ ಅವನದಲ್ಲ.

ದುರ್ಬಲ ಜಾಗವೂ ಇಲ್ಲೇ ಇದೆ. ಆತ್ಮದ ಪ್ರತ್ಯಯ ನಮಗಿಲ್ಲ, ಏಕೆಂದರೆ ನಿಷ್ಕ್ರಿಯವಾದುದು ಸಕ್ರಿಯವಾದುದಕ್ಕೆ ಹೋಲದು. ಹಾಗಾದರೆ ಅದನ್ನು ತಿಳಿದದ್ದು ಹೇಗೆ? ನಮಗೆ ಅದರ 'ನೋಷನ್', ಅಂದರೆ ಒಂದು ಬಗೆಯ ನೇರ ಅರಿವು ಇದೆ ಎಂದು 1734ರ ಆವೃತ್ತಿಗಳಲ್ಲಿ ಸೇರಿಸಿದ. ಜಡದ್ರವ್ಯಕ್ಕೆ ಪ್ರತ್ಯಯವಿಲ್ಲವೆಂದು ಅದನ್ನು ತಳ್ಳಿ, ಆತ್ಮದ್ರವ್ಯಕ್ಕೆ ಪ್ರತ್ಯಯವಿಲ್ಲದಿದ್ದರೂ ಅದನ್ನು ಉಳಿಸಿಕೊಂಡರೆ ಅಳತೆಗೋಲು ಎರಡಾಯಿತು. 'ಸಂವಾದಗಳು' ಕೃತಿಯಲ್ಲಿ ಹೈಲಾಸ್‌ನ ಬಾಯಿಂದ ಈ ಆಕ್ಷೇಪವನ್ನು ಬರ್ಕ್ಲಿಯೇ ಹೇಳಿಸುತ್ತಾನೆ. ಜಡದ್ರವ್ಯದ ಕಲ್ಪನೆ ತನ್ನಲ್ಲೇ ವಿರೋಧ ಹೊಂದಿದೆ, ಆತ್ಮದ್ದು ಹಾಗಲ್ಲ, ನಾನು ಇರುವುದು ನನಗೆ ನೇರವಾಗಿ ಗೊತ್ತು ಎಂಬುದು ಅವನ ಸಮಾಧಾನ. ಹ್ಯೂಮ್ ಅದನ್ನು ಒಪ್ಪದೆ, ಒಳಗೆ ನೋಡಿದರೆ ಸಿಗುವುದು ಗ್ರಹಿಕೆಗಳ ಕಟ್ಟು ಮಾತ್ರ ಎಂದು ಆತ್ಮವನ್ನೂ ಬಿಟ್ಟ. ಬರ್ಕ್ಲಿಯಿಂದ ಹ್ಯೂಮ್‌ಗೆ ಹೋಗುವ ಹೆಜ್ಜೆ ಇದೇ.

ಭೌತಶಾಸ್ತ್ರ ಮತ್ತು ಗಣಿತ

'ಡಿ ಮೋಟು' (1721), ಚಲನೆಯ ಕುರಿತ ಲ್ಯಾಟಿನ್ ಪ್ರಬಂಧ. ನ್ಯೂಟನ್ನನ ನಿರಪೇಕ್ಷ ಆಕಾಶ ಯಾವ ಅನುಭವಕ್ಕೂ ಸಿಗದು, ಚಲನೆಯೆಂದರೆ ಬೇರೊಂದು ವಸ್ತುವಿಗೆ ಹೋಲಿಸಿದ ಚಲನೆಯೇ, ಅಳತೆಗೆ ಸ್ಥಿರ ನಕ್ಷತ್ರಗಳು ಸಾಕು ಎಂದು ವಾದಿಸಿದ. ಬಲ, ಗುರುತ್ವ ಇವು ಲೆಕ್ಕಕ್ಕೆ ನೆರವಾಗುವ ಗಣಿತದ ಕಲ್ಪನೆಗಳು, ಪ್ರಕೃತಿಯಲ್ಲಿ ಅಡಗಿದ ವಸ್ತುಗಳಲ್ಲ. ವಿಜ್ಞಾನದ ತತ್ತ್ವಶಾಸ್ತ್ರದಲ್ಲಿ ಇದನ್ನು ಸಾಧನವಾದ ಎನ್ನುತ್ತಾರೆ. ಅರ್ನ್ಸ್ಟ್ ಮಾಖ್‌ನ ಪೂರ್ವಸೂರಿ ಬರ್ಕ್ಲಿ ಎಂದು ಕಾರ್ಲ್ ಪಾಪ್ಪರ್ 1953ರಲ್ಲಿ ತೋರಿಸಿದ.

'ದಿ ಅನಲಿಸ್ಟ್' (1734) ಕಲನಶಾಸ್ತ್ರದ ವಿಮರ್ಶೆ. ಎಕ್ಸ್ ವರ್ಗದ ವ್ಯುತ್ಪನ್ನವನ್ನು ಅಂದಿನ ರೀತಿಯಲ್ಲಿ ಮಾಡಿ ನೋಡಿ. ಎಕ್ಸ್‌ಗೆ ಚಿಕ್ಕದೊಂದು ಹೆಚ್ಚಳ ಸೇರಿಸುತ್ತೀರಿ, ವರ್ಗಗಳ ವ್ಯತ್ಯಾಸ ತೆಗೆದು ಆ ಹೆಚ್ಚಳದಿಂದ ಭಾಗಿಸುತ್ತೀರಿ. ಭಾಗಿಸಬೇಕಾದರೆ ಹೆಚ್ಚಳ ಸೊನ್ನೆಯಾಗಿರಬಾರದು. ಭಾಗಿಸಿದ ಮೇಲೆ ಬರುವುದು ಎರಡು ಎಕ್ಸ್ ಮತ್ತು ಆ ಹೆಚ್ಚಳ. ಈಗ ಹೆಚ್ಚಳ ಸೊನ್ನೆ ಎಂದು ಅದನ್ನು ಬಿಟ್ಟು ಎರಡು ಎಕ್ಸ್ ಎನ್ನುತ್ತೀರಿ. ಒಂದೇ ಲೆಕ್ಕದಲ್ಲಿ ಅದು ಸೊನ್ನೆಯಲ್ಲ, ಮತ್ತು ಸೊನ್ನೆ. ಇಲ್ಲವಾದ ಪರಿಮಾಣಗಳ ಪ್ರೇತಗಳೆಂದು ಅವನ್ನು ಬರ್ಕ್ಲಿ ಮೂದಲಿಸಿದ. ಉತ್ತರ ಸರಿ ಬರುವುದನ್ನು ಅವನು ಅಲ್ಲಗಳೆಯಲಿಲ್ಲ. ಎರಡು ತಪ್ಪುಗಳು ಒಂದನ್ನೊಂದು ಸರಿದೂಗಿಸುವುದರಿಂದ ಸರಿ ಬರುತ್ತದೆ ಎಂದ. ಇಂಥ ರಹಸ್ಯಗಳನ್ನು ನುಂಗುವ ಗಣಿತಜ್ಞರಿಗೆ ಧರ್ಮದ ರಹಸ್ಯಗಳನ್ನು ಹೀಗಳೆಯುವ ಹಕ್ಕಿಲ್ಲ ಎಂಬುದು ಪುಸ್ತಕದ ಧ್ವನಿ. ಕಾಲಿನ್ ಮ್ಯಾಕ್ಲಾರಿನ್ 1742ರಲ್ಲಿ ವಿಸ್ತಾರವಾದ ಉತ್ತರ ಬರೆದ. ಪೂರ್ಣ ಪರಿಹಾರ ಸಿಕ್ಕಿದ್ದು 19ನೆಯ ಶತಮಾನದಲ್ಲಿ ಕೋಶಿ ಮತ್ತು ವಯರ್‌ಸ್ಟ್ರಾಸ್ ಮಿತಿಯ ಪರಿಕಲ್ಪನೆಯನ್ನು ಬಿಗಿಗೊಳಿಸಿದಾಗ. ತರ್ಕದ ದೃಷ್ಟಿಯಿಂದ ಬರ್ಕ್ಲಿಯ ಆಕ್ಷೇಪ ನೂರಕ್ಕೆ ನೂರು ಸರಿಯಾಗಿತ್ತು.

ಉಳಿದ ಕೃತಿಗಳು

'ಆಲ್ಸಿಫ್ರಾನ್' (1732) ರೋಡ್ ಐಲೆಂಡಿನಲ್ಲಿ ಬರೆದ, ಸ್ವಚ್ಛಂದ ಚಿಂತಕರ ವಿರುದ್ಧದ ಸಂವಾದ. 'ದಿ ಕ್ವೆರಿಸ್ಟ್' (1735–37) ಪೂರ್ತಿ ಪ್ರಶ್ನೆಗಳ ರೂಪದಲ್ಲೇ ಇರುವ ಅರ್ಥಶಾಸ್ತ್ರದ ಕೃತಿ. ಸಂಪತ್ತು ಚಿನ್ನಬೆಳ್ಳಿಯಲ್ಲಿಲ್ಲ, ಜನರ ದುಡಿಮೆಯಲ್ಲಿದೆ. ಹಣವೆಂದರೆ ಒಬ್ಬನ ದುಡಿಮೆಯ ಮೇಲೆ ಇನ್ನೊಬ್ಬನಿಗೆ ಹಕ್ಕು ಕೊಡುವ ಚೀಟಿ. ಐರ್ಲೆಂಡಿಗೆ ರಾಷ್ಟ್ರೀಯ ಬ್ಯಾಂಕು ಬೇಕು ಎಂಬುದು ಸಾರ. ಐರಿಷ್ ಬಡವರ ದಾರಿದ್ರ್ಯವನ್ನು ಎದುರಿಗೆ ಕಂಡು ಬರೆದದ್ದು ಇದು. 'ಸಿರಿಸ್' (1744) ಪೈನ್ ಮರದ ಟಾರನ್ನು ನೀರಿನಲ್ಲಿ ಕಲಕಿ ತಿಳಿ ಮಾಡಿದ ಔಷಧದಿಂದ ಶುರುವಾಗಿ ದೇವರಲ್ಲಿ ಮುಗಿಯುತ್ತದೆ. ಬರ್ಕ್ಲಿಯ ಬದುಕಿನಲ್ಲಿ ಅತಿ ಹೆಚ್ಚು ಮಾರಾಟವಾದದ್ದು ಇದೇ ಪುಸ್ತಕ.

ಸಮಕಾಲೀನ ಇಂಗ್ಲಿಷ್ ಪಾದ್ರಿ ಆರ್ಥರ್ ಕಾಲಿಯರ್ 1713ರಲ್ಲಿ ಸ್ವತಂತ್ರವಾಗಿ ಇಂಥದೇ ತೀರ್ಮಾನಕ್ಕೆ ಬಂದ ಎಂಬುದನ್ನು ಒಂದು ಸಾಲಿನಲ್ಲಿ ಸೇರಿಸಬಹುದು.

ವಿಮರ್ಶಕರು

ಡಾ. ಜಾನ್ಸನ್ 1763ರಲ್ಲಿ ಹಾರಿಚ್ ಊರಿನಲ್ಲಿ ದೊಡ್ಡ ಕಲ್ಲೊಂದನ್ನು ಒದ್ದು, ಹೀಗೆ ಬರ್ಕ್ಲಿಯನ್ನು ಖಂಡಿಸುತ್ತೇನೆ ಎಂದ ಕಥೆಯನ್ನು ಬಾಸ್‌ವೆಲ್ ದಾಖಲಿಸಿದ್ದಾನೆ. ಇದು ಖಂಡನೆಯಲ್ಲ. ಕಲ್ಲಿನ ಗಡಸುತನವೂ ಕಾಲಿನ ನೋವೂ ಅನುಭವಗಳೇ, ಬರ್ಕ್ಲಿ ಎರಡನ್ನೂ ಒಪ್ಪುತ್ತಾನೆ. ಹ್ಯೂಮ್‌ನ ಅಭಿಪ್ರಾಯದಲ್ಲಿ ಬರ್ಕ್ಲಿಯ ವಾದಗಳಿಗೆ ಉತ್ತರ ಕೊಡಲಾಗದು, ಆದರೆ ಅವುಗಳಿಂದ ನಂಬಿಕೆಯೂ ಹುಟ್ಟದು. ಥಾಮಸ್ ರೀಡ್ ಮೊದಲು ಬರ್ಕ್ಲಿಯ ಅನುಯಾಯಿ, ಅನಂತರ ಪ್ರತ್ಯಯಗಳ ಸಿದ್ಧಾಂ‌ತವನ್ನೇ ಬಿಟ್ಟು ಸಾಮಾನ್ಯಜ್ಞಾನದ ಪಂಥ ಕಟ್ಟಿದ.

ಕಾಂಟ್ ವಿಷಯದಲ್ಲಿ ಗೊಂದಲ ಬೇಡ. 1782ರ ವಿಮರ್ಶೆಯೊಂದು ಅವನನ್ನು ಬರ್ಕ್ಲಿಗೆ ಹೋಲಿಸಿದ್ದು ಅವನಿಗೆ ನೋವುಂಟುಮಾಡಿತು. 'ಶುದ್ಧ ಬುದ್ಧಿಯ ವಿಮರ್ಶೆ'ಯ 1787ರ ಎರಡನೆಯ ಆವೃತ್ತಿಯಲ್ಲಿ 'ಭಾವನಾವಾದದ ಖಂಡನೆ' ಸೇರಿಸಿದ. ಅಲ್ಲಿ ಡೆಕಾರ್ಟೆಯದು ಸಂಶಯಾತ್ಮಕ ಭಾವನಾವಾದ, ಬರ್ಕ್ಲಿಯದು ಸಿದ್ಧಾಂತಾಗ್ರಹಿ ಭಾವನಾವಾದ ಎಂಬ ವಿಂಗಡಣೆ ಇದೆ. ಜಿ. ಇ. ಮೂರ್‌ನ 'ಭಾವನಾವಾದದ ಖಂಡನೆ' ಲೇಖನ 1903ರದ್ದು, ಅರಿವು ಮತ್ತು ಅರಿವಿನ ವಿಷಯ ಬೇರೆ ಎಂಬುದು ಅದರ ತಿರುಳು. ಲೆನಿನ್ 1909ರಲ್ಲಿ ಮಾಖ್‌ನ ಅನುಯಾಯಿಗಳನ್ನು ಟೀಕಿಸುವಾಗ ಅವರ ಮೂಲವನ್ನು ಬರ್ಕ್ಲಿಯಲ್ಲಿ ತೋರಿಸಿದ.

ಭಾರತೀಯ ದರ್ಶನಗಳೊಡನೆ ಹೋಲಿಕೆ

ಯೋಗಾಚಾರ ಬೌದ್ಧರ ವಿಜ್ಞಾನವಾದ ಬರ್ಕ್ಲಿಗೆ ಅತ್ಯಂತ ಹತ್ತಿರ. ನೀಲಿಯೂ ನೀಲಿಯ ಅರಿವೂ ಯಾವಾಗಲೂ ಜೊತೆಯಾಗಿಯೇ ಸಿಗುತ್ತವೆ, ಆದ್ದರಿಂದ ಅವು ಬೇರೆಯಲ್ಲ ಎಂಬ ಧರ್ಮಕೀರ್ತಿಯ ಸಹೋಪಲಂಭ ನಿಯಮವನ್ನು 'ಎಸ್ಸೆ ಎಸ್ಟ್ ಪರ್ಸಿಪಿ' ಪಕ್ಕದಲ್ಲಿಟ್ಟು ನೋಡಿ. ವ್ಯತ್ಯಾಸಗಳೂ ದೊಡ್ಡವು: ವಿಜ್ಞಾನವಾದದಲ್ಲಿ ಸೃಷ್ಟಿಕರ್ತ ದೇವರಿಲ್ಲ, ಸ್ಥಿರ ಆತ್ಮವೂ ಇಲ್ಲ, ಅರಿವು ಕ್ಷಣಿಕ. ಬರ್ಕ್ಲಿಯಲ್ಲಿ ದೇವರು, ಸ್ಥಿರ ಆತ್ಮ ಎರಡೂ ಇವೆ.

ಶಂಕರರನ್ನು ಬರ್ಕ್ಲಿಯ ಜೊತೆ ಒಂದೇ ಗುಂಪಿಗೆ ಸೇರಿಸುವುದು ತಪ್ಪು. ಬ್ರಹ್ಮಸೂತ್ರ ಭಾಷ್ಯದಲ್ಲಿ (2.2.28) ಅವರು ವಿಜ್ಞಾನವಾದವನ್ನು ಖಂಡಿಸುತ್ತಾ, ಜನ ಗ್ರಹಿಸುವುದು ಕಂಬ, ಗೋಡೆಗಳನ್ನು, ಗ್ರಹಿಕೆಯನ್ನಲ್ಲ ಎಂದು ತೋರಿಸುತ್ತಾರೆ. ಅನಂತರದ ಅದ್ವೈತದ ದೃಷ್ಟಿಸೃಷ್ಟಿವಾದ ಮಾತ್ರ ಬರ್ಕ್ಲಿಯನ್ನು ನೆನಪಿಸುತ್ತದೆ.

ಕರ್ನಾಟಕದ ಓದುಗರಿಗೆ ಹೆಚ್ಚು ಉಪಯುಕ್ತವಾದ ಎದುರುಜೋಡಿ ಮಧ್ವಾಚಾರ್ಯರು. ಜಗತ್ತು ಸತ್ಯ, ಜೀವಕ್ಕೂ ಜಡಕ್ಕೂ, ಜಡಕ್ಕೂ ಜಡಕ್ಕೂ ಇರುವ ಭೇದ ಸತ್ಯ ಎಂಬುದು ಅವರ ಪಂಚಭೇದದ ಭಾಗ. ಮಧ್ವರೂ ಬರ್ಕ್ಲಿಯೂ ಅನುಭವವನ್ನು ನಂಬಿದವರು, ಇಬ್ಬರಿಗೂ ಎಲ್ಲವೂ ದೇವರ ಅಧೀನ. ಆದರೆ ಅದೇ ಅನುಭವ ಮಧ್ವರಿಗೆ ಜಡವನ್ನು ತೋರಿಸಿಕೊಟ್ಟಿತು, ಬರ್ಕ್ಲಿಗೆ ಜಡವನ್ನು ತೆಗೆದುಹಾಕಲು ಕಾರಣವಾಯಿತು. ಇಬ್ಬರಲ್ಲಿ 'ಜಡ' ಎಂದರೆ ಏನು ಎಂಬುದನ್ನು ಮೊದಲು ಸ್ಪಷ್ಟಪಡಿಸಿ, ಆಮೇಲೆ ಹೋಲಿಕೆ ಬರೆಯಿರಿ: ಮಧ್ವರ ಜಡ ಅನುಭವಕ್ಕೆ ಸಿಗುವ ಅಚೇತನ ವಸ್ತು, ಬರ್ಕ್ಲಿ ಖಂಡಿಸಿದ್ದು ಅನುಭವಕ್ಕೆ ಎಂದೂ ಸಿಗದ ಆಧಾರದ್ರವ್ಯ.

ಒಂದಂಕಕ್ಕೆ

• ಬರ್ಕ್ಲಿಗೆ ತನ್ನ ಆಸ್ತಿಯ ಅರ್ಧ ಬಿಟ್ಟುಹೋದವಳು: ಹೆಸ್ಟರ್ ವ್ಯಾನ್‌ಹೋಮ್ರಿ (1723), ಸ್ವಿಫ್ಟ್‌ನ ಬರಹದ 'ವನೆಸ್ಸಾ'.
• ಬರ್ಕ್ಲಿಯೊಡನೆ ಅಮೆರಿಕಕ್ಕೆ ಹೋದ ಚಿತ್ರಕಾರ: ಜಾನ್ ಸ್ಮೈಬರ್ಟ್. ಅವನ 'ಬರ್ಮುಡಾ ಗುಂಪು' ಚಿತ್ರ ಯೇಲ್‌ನಲ್ಲಿದೆ.
• ಭೌತವಸ್ತು ಎಂದರೆ ಸಂವೇದನೆಗಳ ಶಾಶ್ವತ ಸಾಧ್ಯತೆ ಎಂದು ಬರ್ಕ್ಲಿಯ ವಾದವನ್ನು ದೇವರಿಲ್ಲದೆ ಮುಂದುವರಿಸಿದವನು: ಜಾನ್ ಸ್ಟುವರ್ಟ್ ಮಿಲ್.
• ಬರ್ಕ್ಲಿಯ ಹೆಸರು ಹೊತ್ತ ಅಮೆರಿಕದ ವಿಶ್ವವಿದ್ಯಾಲಯ ನಗರ: ಕ್ಯಾಲಿಫೋರ್ನಿಯದ ಬರ್ಕ್ಲಿ. ಅಮೆರಿಕದಲ್ಲಿ ವಿದ್ಯೆ ನೆಲೆಗೊಳ್ಳುವ ಬಗ್ಗೆ ಅವನು ಬರೆದ ಕವಿತೆಯನ್ನು ನೆನೆದು 1866ರಲ್ಲಿ ಈ ಹೆಸರಿಡಲಾಯಿತು.